ಗಿಡ್ಡಮ್ಮ ಸಗಣಿ ಸಾರಿಸದ ಮೂಲೆ

ಬೆಳಗಿನ ಆರು ಗಂಟೆ. ಮೂಡಿಗೆರೆಯಿಂದ ದೇವರಮನೆ ಕಡೆಗೆ ಹೋಗುವ ರಸ್ತೆಯ ಒಂದು ಎಸ್ಟೇಟಿನ ಕಣದಲ್ಲಿ ಗಿಡ್ಡಮ್ಮ ಸೊಂಟಕ್ಕೆ ಸೆರಗು ಸಿಕ್ಕಿಸಿ ಟಾರ್ಪಾಲ್ ಎಳೆಯುತ್ತಿದ್ದಾರೆ. ಅಡಿಯಲ್ಲಿ ಸಿಪ್ಪೆ ಸಮೇತ ಒಣಗಬೇಕಾದ ಕಾಫಿ ಹಣ್ಣು, ಚೆರ್ರಿ. ಅದನ್ನು ಹರಡುವ ಮೊದಲು ಅವರು ಅತ್ತಿತ್ತ ನೋಡುತ್ತಾರೆ. ಆಮೇಲೆ ಪೂರ್ವದ ಮೂಲೆಗೆ ಹೋಗಿ ಕುಕ್ಕರಗಾಲಲ್ಲಿ ಕೂತು, ಬೆರಳು ತೋರಿಸಿ ನೆಲವನ್ನು ಎಣಿಸುತ್ತಾರೆ. ಹದಿನಾಲ್ಕು.

ಇಡೀ ಕಣಕ್ಕೆ ಸಗಣಿ ಸಾರಿಸಿದೆ. ಆ ಮೂಲೆ ಮಾತ್ರ ಬರೀ ಮಣ್ಣು. ಅಲ್ಲಿ ಒಂದು ಮುರಿದ ಬಾಚಣಿಗೆ, ಟೂತ್‌ಪೇಸ್ಟಿನ ಮುಚ್ಚಳ, ಮೂರು ಬೆಣಚುಕಲ್ಲು. ಗಿಡ್ಡಮ್ಮನ ಪೊರಕೆ ಅದನ್ನು ಮುಟ್ಟದೆ ಸುತ್ತಿಕೊಂಡು ಹೋಗುತ್ತದೆ. ಅನುಮಾನ ಬರಲು ಇಷ್ಟು ಸಾಕು.

ಗಿಡ್ಡಮ್ಮ ತಮ್ಮ ವಯಸ್ಸು ಐವತ್ತೆಂಟು ಅನ್ನುತ್ತಾರೆ, ಆಧಾರ್ ಕಾರ್ಡು ಅರವತ್ತೊಂದು ಅನ್ನುತ್ತದೆ. ಇಬ್ಬರಲ್ಲಿ ಒಬ್ಬರು ಸುಳ್ಳು ಹೇಳುತ್ತಿದ್ದಾರೆ. ಹುಟ್ಟಿದ್ದು ಕಳಸದ ಹತ್ತಿರ. ಮೆಣಸು ಕೊಯ್ಯುವ ಏಣಿಯಿಂದ ಬಿದ್ದು ಬಲಮಂಡಿ ಹೋದ ಮೇಲೆ, ಹತ್ತೊಂಬತ್ತು ವರ್ಷದಿಂದ ಕಣದ ಕೆಲಸ. ದಿನಕ್ಕೆ ಹತ್ತು ಸಲ ಚೆರ್ರಿ ತಿರುವಬೇಕು, ದನ ಅಟ್ಟಬೇಕು, ಮೋಡ ಕಂಡರೆ ಓಡಿ ಮುಚ್ಚಬೇಕು. “ಕಣ ತಪ್ಪಿದ್ರೆ ನಂಗೆ ಬೇರೆ ಕೆಲ್ಸ ಇಲ್ಲ. ಗುಡ್ಡ ಹತ್ತಕ್ಕೆ ಈ ಕಾಲು ಒಪ್ಪಲ್ಲ” ಅನ್ನುತ್ತಾರೆ.

ಈ ಜನವರಿಯಲ್ಲಿ ಕಣ ತಪ್ಪುವುದರಲ್ಲಿತ್ತು. ಕಾರಣ ರೈಟರ್ ಸುರೇಂದ್ರ, ಎಸ್ಟೇಟಿನ ಹಾಜರಿ ಬರೆಯುವವರು. ನರ್ಸರಿಯ ಬೆದರುಬೊಂಬೆಯ ಜೇಬನ್ನೂ ಅವರು ಶನಿವಾರ ಶನಿವಾರ ತಪಾಸಣೆ ಮಾಡುತ್ತಾರೆ. ಇವತ್ತಿನವರೆಗೆ ಏನೂ ಸಿಕ್ಕಿಲ್ಲ. ಅದಕ್ಕೇ ಬೊಂಬೆಯ ಮೇಲೆ ಅವರಿಗೆ ಅನುಮಾನ ಜಾಸ್ತಿ.

ಸಗಣಿ ಕಾಣದ ಮೂಲೆ, ಮೇಲೆ ಗುರುತು. ಗಿಡ್ಡಮ್ಮ ಚೆರ್ರಿ ಕದ್ದು ಅಲ್ಲಿ ಹುಗಿದಿದ್ದಾರೆ ಎಂದು ಸುರೇಂದ್ರ ತೀರ್ಮಾನಿಸಿದರು. ಅಗೆದು ನೋಡಬಹುದಿತ್ತು. ಅಗೆದರೆ ಮಾಲು ಸಿಗುತ್ತದೆ, ಕಳ್ಳರು ಸಿಗುವುದಿಲ್ಲ ಎಂಬುದು ಅವರ ವಾದ. ಊಟದ ಹೊತ್ತಿನಲ್ಲಿ ಗುರುತುಗಳನ್ನೆಲ್ಲ ಒಂದು ಮೊಳ ಆಚೆ ಸರಿಸಿ, ಗೋಡೌನಿನ ಹಿಂದೆ ಅಡಗಿದರು. ಗಿಡ್ಡಮ್ಮ ಬಂದು ತಪ್ಪು ಜಾಗ ಅಗೆಯಬೇಕು, ಅಲ್ಲೇ ಹಿಡಿಯಬೇಕು.

ಮೊದಲು ಬಂದದ್ದು ಒಂದು ಕಡಜ. ಕಪ್ಪು ಮೈ, ದಾರದಂಥ ಸೊಂಟ. ತನಗಿಂತ ದೊಡ್ಡ ಮಿಡತೆಯೊಂದನ್ನು ಮೀಸೆ ಹಿಡಿದು ಎಳೆದುಕೊಂಡು ಬಂತು. ಬಾಚಣಿಗೆಯ ಪಕ್ಕ ಕೆದಕಿತು, ಮುಚ್ಚಳದ ಪಕ್ಕ ಕೆದಕಿತು. ಏನೂ ಸಿಗದೆ ಅಲೆಯತೊಡಗಿತು. ಅಷ್ಟರಲ್ಲಿ ಗಿಡ್ಡಮ್ಮ ಬಂದರು.

“ಅಯ್ಯೋ, ಯಾರು ಇದನ್ನ ಎತ್ತಿಟ್ಟಿದ್ದು?”

“ಸಿಕ್ಕಿಬಿದ್ಯಾ!” ಸುರೇಂದ್ರ ಹಾರಿ ಬಂದರು. “ಗುರುತು ಯಾಕೆ ಬೇಕಿತ್ತು ನಿಂಗೆ?”

“ನಂಗಲ್ಲ ರೈಟ್ರೇ, ಅದ್ಕೆ. ಹೋಗುವಾಗ ಬಾಗ್ಲಿಗೆ ಮಣ್ಣು ಮುಚ್ಚಿ, ಸುತ್ತ ಏನೇನದೆ ಅಂತ ನೋಡ್ಕಂಡು ಹೋಗ್ತದೆ. ನೀವು ಅದ್ರ ಮನೆ ದಾರಿನೇ ಕದ್ರಲ್ಲ.”

“ಸುಳ್ಳು ಹೇಳ್ಬೇಡ ಮಾರಾಯ್ತಿ.”

ಗಿಡ್ಡಮ್ಮ ಎಲ್ಲವನ್ನೂ ಮೊದಲಿನ ಜಾಗಕ್ಕೆ ಇಟ್ಟರು. ಕಡಜ ನೆಟ್ಟಗೆ ಬಂದು ಬಾಚಣಿಗೆಯ ಪಕ್ಕದ ಮಣ್ಣು ತೆಗೆಯಿತು. ತೂತು ಕಂಡಿತು. ಮಿಡತೆಯನ್ನು ಹೊಸ್ತಿಲಲ್ಲಿ ಬಿಟ್ಟು ಒಂಟಿಯಾಗಿ ಒಳಗೆ ಹೋಯಿತು.

“ಒಬ್ಬಳೇ ಯಾಕೆ ಹೋದ್ಲು?” ಸುರೇಂದ್ರರ ದನಿ ತಗ್ಗಿತ್ತು.

“ಒಳಗೆ ಯಾರಾದ್ರೂ ಹೊಕ್ಕಂಡಿದಾರಾ ಅಂತ ನೋಡಕ್ಕೆ. ತನ್ನದೇ ಮನೆ, ಆದ್ರೂ ನಂಬ್ಕೆ ಇಲ್ಲ. ನಿಮ್ ಥರಾನೇ.”

ಸುರೇಂದ್ರ ಪೆನ್ನಿನಿಂದ ಮಿಡತೆಯನ್ನು ಎರಡು ಬೆರಳಿನಷ್ಟು ಸರಿಸಿದರು. ಕಡಜ ಹೊರಬಂದು, ಹುಡುಕಿ, ಮತ್ತೆ ಹೊಸ್ತಿಲಿಗೆ ತಂದಿಟ್ಟು, ಮತ್ತೆ ಒಳಗೆ ತಪಾಸಣೆಗೆ ಹೋಯಿತು. ಸುರೇಂದ್ರ ಮತ್ತೆ ಸರಿಸಿದರು. ಅದು ಮತ್ತೆ ಹೋಗಿ ನೋಡಿತು. ಒಟ್ಟು ನಲವತ್ತೊಂದು ಸಲ ಎಂದು ಕಣದ ಇನ್ನೊಬ್ಬ ಕೆಲಸದಾಕೆ ಪಾಪಮ್ಮ ಹೇಳುತ್ತಾರೆ. ಇಪ್ಪತ್ಮೂರೇ ಎಂದು ಸುರೇಂದ್ರ ವಾದಿಸುತ್ತಾರೆ. ಅಷ್ಟು ಹೊತ್ತಿಗೆ ಚೆರ್ರಿಯೇ ಒಣಗಿ ಗಲಗಲ ಅನ್ನುತ್ತಿತ್ತು ಎನ್ನುವವರೂ ಇದ್ದಾರೆ.

ಕೊನೆಗೆ ಗಿಡ್ಡಮ್ಮನೇ ಹೇಳಿದರಂತೆ: “ರೈಟ್ರೇ, ನಿಮ್ಮಿಬ್ರಲ್ಲಿ ಒಬ್ರಾದ್ರೂ ನಂಬಿ. ನಂಗೆ ಚೆರ್ರಿ ತಿರುವಕ್ಕದೆ.”

ಸುರೇಂದ್ರ ಪೆನ್ನು ಜೇಬಿಗಿಟ್ಟರು. ತಪ್ಪಾಯಿತು ಅನ್ನಲಿಲ್ಲ. ಮರುದಿನ ಹಾಜರಿ ಪುಸ್ತಕದಲ್ಲಿ ಗಿಡ್ಡಮ್ಮನ ಹೆಸರಿನ ಮುಂದೆ ಎಂದಿನಂತೆ ‘ಕಣ’ ಎಂದೇ ಇತ್ತು.

ಮಿಡತೆ ಸತ್ತಿರುವುದಿಲ್ಲ. ಕಡಜ ಕುಟುಕಿ ಮಂಕು ಬಡಿಸಿ, ಅದರ ಮೇಲೆ ಮೊಟ್ಟೆ ಇಟ್ಟು, ಬಾಗಿಲು ಮುಚ್ಚಿಬಿಡುತ್ತದೆ. ಮರಿಗೆ ತಿಂಗಳ ರೇಷನ್. “ನರ್ಸರಿ ಸಸಿ ತಿನ್ನೋ ಮಿಡ್ತೆನೂ ಹೊತ್ಕಂಡು ಬರ್ತವೆ. ಹಾಜರಿ ಕೇಳಲ್ಲ, ಬೋನಸ್ ಕೇಳಲ್ಲ” ಎಂದು ಗಿಡ್ಡಮ್ಮ ಕೆಲಸದ ಜೊತೆಗಾರರಂತೆ ಅವುಗಳ ಪರ ಮಾತಾಡುತ್ತಾರೆ. ಆ ಮೂಲೆಯಲ್ಲಿ ಈಗ ಹದಿನಾಲ್ಕು ಗೂಡು, ಗೂಡಿಗೊಂದೇ ಕಡಜ. ಅಕ್ಕಪಕ್ಕದವರ ಜೊತೆ ಮಾತುಕತೆ ಇಲ್ಲ.

ತೋಟದ ಮಾಲೀಕ ದಿಲೀಪ್ ಮಳೆ ಮುಗಿದ ಮೇಲೆ ಕಣಕ್ಕೆ ಸಿಮೆಂಟ್ ಹಾಕಿಸುತ್ತಾರಂತೆ. “ಹಾಕಿಸ್ಲಿ” ಅನ್ನುತ್ತಾರೆ ಗಿಡ್ಡಮ್ಮ. “ ಆ ಮೂಲೆ ನಾಲ್ಕು ಮೊಳ ಬಿಟ್ರೆ ಸಾಕು ಅಂತ ಧಣಿಗಳಿಗೆ ಹೇಳೀನಿ. ಆಯ್ತು ಅಂದವ್ರೆ. ಹಾಕಿಸುವಾಗ ನಾನು ಅಲ್ಲೇ ನಿಂತಿರ್ತೀನಿ, ಅದು ಬೇರೆ.”

ಈ ಬರಹಕ್ಕೆಂದು ಎಲ್ಲ ಕೇಳಿ ಬರೆದುಕೊಂಡು ಹೊರಡುವಾಗ ಗಿಡ್ಡಮ್ಮ ಕರೆದರು. “ಹತ್ತೊಂಬತ್ತು ವರ್ಷದಲ್ಲಿ ಒಂದು ಬಾಗ್ಲ ಮೇಲೂ ನನ್ ಕಾಲು ಬಿದ್ದಿಲ್ಲ. ಅದನ್ನೂ ಬರ್ಕಳಿ.”

ಬರೆದದ್ದಾಯಿತು.

“ಓದಿ ನೋಡನ.”

ಓದಿದ್ದಾಯಿತು. ಗಿಡ್ಡಮ್ಮ ಹೋಗಿ ಒಂದು ಸಾಲು ಚೆರ್ರಿ ತಿರುವಿ, ಕುಂಟುತ್ತ ವಾಪಸ್ ಬಂದರು.

“ಇನ್ನೊಂದ್ಸಲ ಓದಿ.”