ಹನ್ನೊಂದನೆಯ ಹೆಸರು

ತೇರದಾಳದ ಜೈನರ ಮನೆಯಲ್ಲಿ ಹುಟ್ಟಿ, ಜಮಖಂಡಿ ಸಂಸ್ಥಾನದ ಕಚೇರಿಯಲ್ಲಿ ದೊಡ್ಡ ಕಾರಕೂನರಾದ ಧರಣೇಂದ್ರಪ್ಪನವರು ಇರುವೆ ಕಂಡರೂ ದಾಟಿ ನಡೆಯುವ ಮನುಷ್ಯ. ಅಂಥವರಿಗೆ ಜರ್ಮನಿಯ ಯುದ್ಧದ ಕಾಲಕ್ಕೆ ದಂಡಿಗೆ ಆಳು ಸೇರಿಸುವ ಕೆಲಸ ಗಂಟುಬಿತ್ತು. ‘ಜರ್ಮನಿಯವ ಏನ್ ನಮ್ಮ ಹೊಲದ ಬಾಂದು ಒತ್ಯಾನೇನು?’ ಎಂದು ಜನ ಗೊಣಗುತ್ತಿದ್ದರು. ತುಬಚಿ ಎಂಬ ಹಳ್ಳಿಯಿಂದ ಹತ್ತು ಜನ ಸಾಕೆಂದು ಹುಕುಂ ಬಂದಿತ್ತು. ಮೇಲಿನವರಿಂದ ಶಾಭಾಸ್ ಎನಿಸಿಕೊಳ್ಳುವ ಆಸೆಗೆ ಇವರು ಇಪ್ಪತ್ತು ಹೆಸರು ಬರೆದು ಕಳಿಸಿದರು. ಆ ಪಟ್ಟಿ ಕಂಡದ್ದೇ ತಡ, ಉಳಿದ ಹಳ್ಳಿಗಳಿಗೂ ದುಪ್ಪಟ್ಟು ಹುಕುಂ ಹೊರಟಿತು. ಒಳ್ಳೆಯವರ ಇಂಥ ಹುಮ್ಮಸ್ಸು ನೆನೆದರೆ ಮೈ ಉರಿಯುತ್ತದೆ.

ಹನ್ನೊಂದನೆಯ ಹೆಸರು ಶಂಕ್ರೆವ್ವನ ಒಬ್ಬನೇ ಮಗ ಗುರಪ್ಪನದು. ಅವನು ಕಡಲಾಚೆಯ ಬಸರಾದ ಕಾಳಗದಿಂದ ಮರಳಲಿಲ್ಲ.

ಯುದ್ಧ ಮುಗಿದ ಮರುವರ್ಷ ಭಾದ್ರಪದದಲ್ಲಿ ಹತ್ತು ದಿನದ ಪರ್ವ ತೀರಿತು. ತಮ್ಮವರ ಪದ್ಧತಿಯಂತೆ ಧರಣೇಂದ್ರಪ್ಪ ಮನೆಮನೆಗೆ ಹೋಗಿ, ಕೈಮುಗಿದು ಕ್ಷಮೆ ಕೇಳಿದರು. ಆದರೂ ಶಂಕ್ರೆವ್ವನ ಮನೆ ಉಳಿದಿತ್ತು. ಚಕ್ಕಡಿ ಹೂಡಿಸಿಕೊಂಡು ತುಬಚಿಗೆ ಹೋದರು.

‘ತಿಳದೋ ತಿಳೀದನೋ ತಪ್ಪಾಗಿದ್ರ ಕ್ಷಮಾ ಮಾಡವ್ವಾ’ ಎಂದು ವರ್ಷವರ್ಷ ಹೇಳಿ ರೂಢಿಯಾದ ಮಾತನ್ನೇ ಹೇಳಿದರು.

ಜೋಳ ಹಸನು ಮಾಡುತ್ತಿದ್ದ ಶಂಕ್ರೆವ್ವ ಮೊರ ಕೆಳಗಿಟ್ಟಳು. ‘ತಿಳೀದನ ಬರದ್ರೇನ್ರಿ ಸಾಹೇಬ್ರ, ನನ್ನ ಮಗನ ಹೆಸರ?’

ಧರಣೇಂದ್ರಪ್ಪ ಅವಳೆದುರು ನೆಲದ ಮೇಲೆ ಕುಳಿತರು. ‘ಇಲ್ಲವ್ವಾ, ತಿಳದ ಬರದೆ. ಹತ್ತಕ್ಕ ಮುಗೀತಿತ್ತು. ನಿನ್ನ ಮಗ ಹನ್ನೊಂದನ್ಯಾವ.’

ಶಂಕ್ರೆವ್ವ ಬಹಳ ಹೊತ್ತು ಅತ್ತಳು. ಆಮೇಲೆ ಎದ್ದು, ಜೈನರು ಸೋಸದ ನೀರು ಕುಡಿಯುವುದಿಲ್ಲವೆಂದು ನೆನಪಿಟ್ಟು, ಒಗೆದ ಅರಿವೆಯಲ್ಲಿ ಸೋಸಿದ ನೀರು ತಂದಳು. ಪರರ ಮನೆಯ ನೀರು ಮುಟ್ಟದ ಧರಣೇಂದ್ರಪ್ಪ ತಂಬಿಗೆ ಎತ್ತಿ ಕುಡಿದರು.

‘ಕ್ಷಮಾ ಮಾಡೂದು ನನ್ನ ಕೈಲೆ ಆಗೂದಿಲ್ರಿ. ಆದ್ರ ವರ್ಷಾ ವರ್ಷಾ ಬಂದು ಅವನ ಹೆಸರ ಹೇಳ್ರಿ. ನನ್ನ ಮುಂದ ಹೇಳಾಕ ಮಂದಿ ಅಂಜತಾರ. ನನ್ನ ಬಾಯಾಗಂತೂ ಬರವಲ್ದು.’

ಹದಿನೇಳು ವರ್ಷ ತಪ್ಪದೆ ಹೋದರು. ಹೆಸರು ಹೇಳುವರು, ನೀರು ಕುಡಿಯುವರು, ಬರುವರು. ಹದಿನೆಂಟನೆಯ ವರ್ಷ ಲಕ್ವ ಹೊಡೆದು ಹಾಸಿಗೆ ಹಿಡಿದರು. ಆ ಸಲ ಪರ್ವ ತೀರಿದ ಮೇಲೆ ಮುದುಕಿ ಶಂಕ್ರೆವ್ವನೇ ಯಾರದೋ ಚಕ್ಕಡಿ ಹತ್ತಿ ಜಮಖಂಡಿಗೆ ಬಂದಳು.

‘ಅವರಿಗೆ ಮಾತು ಹೊಂಡೂದಿಲ್ಲವ್ವಾ’ ಎಂದಳು ಹೆಂಡತಿ ಇಂದ್ರವ್ವ.

ಶಂಕ್ರೆವ್ವನನ್ನು ಕಂಡು ಧರಣೇಂದ್ರಪ್ಪನವರ ತುಟಿಗಳು ಒದ್ದಾಡಿದವು. ಹೆಸರು ಹೊರಡಲಿಲ್ಲ, ಕಣ್ಣೀರು ಹೊರಟಿತು. ಅವಳು ಸೆರಗಿನಿಂದ ಅವರ ಕಣ್ಣು ಒರೆಸಿದಳು.

‘ಇರ್ಲಿ ಬಿಡ್ರಿ ಸಾಹೇಬ್ರ. ಈ ವರ್ಷ ನಾನ ಹೇಳತೇನಿ’ ಎಂದು ಅವರ ಕೈ ಹಿಡಿದುಕೊಂಡು, ‘ಗುರಪ್ಪಾ’ ಎಂದಳು.