ಜಯಲಕ್ಷ್ಮಿಯ ಭಾವಚಿತ್ರದ ಕೆಳಗಿನ ಸಾಲು

೧೯೮೨ರ ದಸರಾ ರಜೆಗೆ ಸ್ವಲ್ಪ ಮುಂಚಿನ ಮಾತು. ತುಮಕೂರಿನ ಶೆಟ್ಟಿಹಳ್ಳಿಯಲ್ಲಿ ನನ್ನದೊಂದು ಹೊಲಿಗೆ ಅಂಗಡಿಯಿತ್ತು. ಅದರ ಹಿಂದೆಯೇ ಮನೆ. ಕುಣಿಗಲ್ ತಾಲ್ಲೂಕಿನ ಕೊತ್ತಗೆರೆಯಲ್ಲಿದ್ದ ನನ್ನ ಅಕ್ಕನ ಹಿರಿಯ ಮಗಳು ಜಯಲಕ್ಷ್ಮಿ ನಮ್ಮಲ್ಲಿಯೇ ಉಳಿದುಕೊಂಡು ಬಿ.ಎ. ಕೊನೆಯ ವರ್ಷ ಓದುತ್ತಿದ್ದಳು. ಅವರ ಕಾಲೇಜಿನ ವಾರ್ಷಿಕ ಸಂಚಿಕೆಯಲ್ಲಿ ಕೊನೆಯ ವರ್ಷದವರ ಭಾವಚಿತ್ರಗಳನ್ನು ಅಚ್ಚು ಹಾಕಿ, ಪ್ರತಿಯೊಂದರ ಕೆಳಗೂ ಆ ವಿದ್ಯಾರ್ಥಿನಿ ಆರಿಸಿಕೊಟ್ಟ ಒಂದು ಸಾಲನ್ನು ಸೇರಿಸುವ ಪದ್ಧತಿಯಿತ್ತು.

ಗೆಳತಿಯರೆಲ್ಲ ಕ್ಯಾಲೆಂಡರಿನ ಹಾಳೆಗಳಿಂದ ನುಡಿಮುತ್ತುಗಳನ್ನು ಹೆಕ್ಕುತ್ತಿದ್ದರಂತೆ. ಒಂದು ಸಂಜೆ, ಗುಂಡಿ ಹಾಕುತ್ತಿದ್ದ ನನ್ನ ಎದುರು ಇವಳು ಬಂದು ಕುಳಿತಳು.

"ಮಾವ, ಅಷ್ಟೊಂದು ಓದ್ತೀಯಲ್ಲ, ನಂಗೊಂದು ಒಳ್ಳೇ ಸಾಲು ಹೇಳು."

ನಾನು ಏಳನೇ ತರಗತಿಗೆ ಶಾಲೆ ಬಿಟ್ಟವನು. ಆಮೇಲಿನದೆಲ್ಲ ಗ್ರಂಥಾಲಯದ ಬೆಂಚಿನ ಮೇಲೆ ಕಲಿತದ್ದು. ಹಾಗೆ ಕಲಿತವನಿಗೆ, ಯಾರು ಏನೇ ಹೇಳಿದರೂ ‘ಕಂಡವರು ಯಾರು?’ ಎಂದು ಕೇಳುವ ಚಟ ಅಂಟಿಕೊಳ್ಳುತ್ತದೆ.

"ಸತ್ತೋದೋರ ಮಾತು ನಿಂಗ್ಯಾಕೆ? ನೀನು ದಿನಾ ಆಡೋ ಮಾತನ್ನೇ ಕೊಡು" ಎಂದೆ.

"ದಿನಾ ಆಡೋದು ಒಂದೇ ಮಾತು. ‘ಪರೀಕ್ಷೆ ಮುಗೀಲಿ, ಆಮೇಲೆ ಹೇಳ್ತೀನಿ.’"

ನಾನೂ ನನ್ನ ಹೆಂಡತಿಯೂ ನಕ್ಕುಬಿಟ್ಟೆವು. ಅವಳ ಮದುವೆಯ ಮಾತು ಆಗ ನಡೆದಿತ್ತು. ಕೇಳಿದವರಿಗೆಲ್ಲ ಅವಳದು ಇದೇ ಉತ್ತರ. ಮರುದಿನ ಅದನ್ನೇ ಕೊಟ್ಟು ಬಂದಳು. "ಮೇಡಂ ನಕ್ರು ಮಾವ, ಆದ್ರೂ ತಗೊಂಡ್ರು" ಎಂದಳು.

ಆದರೆ ಪರೀಕ್ಷೆ ಮುಗಿಯುವವರೆಗೆ ಯಾರೂ ಕಾಯಲಿಲ್ಲ. ಕಾರ್ತಿಕ ಮಾಸದಲ್ಲಿಯೇ ಗುಬ್ಬಿಯ ಬಟ್ಟೆ ವ್ಯಾಪಾರಿಗಳ ಮನೆಗೆ ಅವಳನ್ನು ಕೊಟ್ಟರು. ರೈಲಿನಲ್ಲಿ ತುಮಕೂರಿಗೆ ಹೋಗಿಬಂದು ಓದು ಮುಗಿಸಲಿ ಎಂದು ಬೀಗರು ಮಾತು ಕೊಟ್ಟಿದ್ದರು. ಸೋದರಮಾವನ ಉಡುಗೊರೆಯೆಂದು ನಾನು ಹಿತ್ತಾಳೆಯ ಪಂಪ್ ಸ್ಟೌ ಕೊಟ್ಟೆ. ಉಡುಗೊರೆಯ ಪಾತ್ರೆಗಳ ಮೇಲೆ ಹೆಸರು ಕೊರೆಸುವುದು ನಮ್ಮಲ್ಲಿ ವಾಡಿಕೆ. ಅಂಗಡಿಯವನು ಅದರ ಟ್ಯಾಂಕಿನ ಮೇಲೆ ‘ಚಿ. ಸೌ. ಜಯಲಕ್ಷ್ಮಿಗೆ ಸೋದರಮಾವ ರಂಗಪ್ಪ’ ಎಂದು ಕೊರೆದುಕೊಟ್ಟಿದ್ದ.

ಸಂಕ್ರಾಂತಿಯ ವೇಳೆಗೆ ಅವಳು ಕಾಲೇಜಿಗೆ ಬರುವುದು ನಿಂತಿತು. ಎಳ್ಳು ಬೆಲ್ಲದ ನೆಪ ಮಾಡಿಕೊಂಡು ಗುಬ್ಬಿಗೆ ಹೋದೆ. ಅವಳ ಅತ್ತೆ ಬಾಗಿಲಿಗೆ ಒರಗಿ ನಿಂತೇ ಇದ್ದರು.

"ಹೆಂಗಿದೀಯ ಮಗಾ?" ಎಂದೆ.

ಕಾಫಿ ಲೋಟ ಕೊಡುತ್ತ, ತಲೆಯೆತ್ತದೆ, "ಪರೀಕ್ಷೆ ಮುಗೀಲಿ ಮಾವ, ಆಮೇಲೆ ಹೇಳ್ತೀನಿ" ಎಂದಳು. ಆ ಸಲ ಯಾರೂ ನಗಲಿಲ್ಲ.

ಶಿವರಾತ್ರಿ ಕಳೆದ ಮೇಲೆ ಸುದ್ದಿ ಬಂತು. ನಾವು ಆಸ್ಪತ್ರೆ ಮುಟ್ಟುವ ಹೊತ್ತಿಗೆ ಬಿಳಿಯ ಬಟ್ಟೆ ಹೊದಿಸಿಯಾಗಿತ್ತು. "ಸ್ಟೌ ಸಿಡೀತು ಕಣ್ರಪ್ಪ. ‘ಯಾರ್ದೂ ತಪ್ಪಿಲ್ಲ’ ಅಂತ ಅವ್ಳೇ ಹೇಳಿ ಪ್ರಾಣ ಬುಟ್ಲು" ಎಂದು ಅತ್ತೆ ಎಲ್ಲರೆದುರು ಅತ್ತರು.

"ಹಂಗಂದಿದ್ದನ್ನ ಕೇಳಿಸ್ಕೊಂಡೋರು ಯಾರು?" ಎಂದೆ.

"ನಾನೇ" ಎಂದರು.

ಆಕಸ್ಮಿಕವೆಂದು ಬರೆದ ಪೊಲೀಸರ ಕಾಗದಕ್ಕೆ ನನ್ನ ಭಾವ, ಎಂದರೆ ಅವಳ ತಂದೆಯೇ, ಸಹಿ ಹಾಕಿದರು. ಊರಿನವರೂ ನೆಂಟರೂ ಆ ಮಾತನ್ನು ತಾವೇ ಕೇಳಿಸಿಕೊಂಡವರಂತೆ ಹೇಳತೊಡಗಿದರು.

ಮಕ್ಕಳಾಗದೆ ತೀರಿಕೊಂಡ ಸೊಸೆಯ ಬಳುವಳಿಯನ್ನು ತವರಿಗೆ ಹಿಂದಿರುಗಿಸಬೇಕು, ಒಂದು ಸೌಟು ಉಳಿದರೂ ಮನೆಗೆ ಏಳಿಗೆಯಿಲ್ಲ ಎಂಬುದು ಬೀಗರ ನಂಬಿಕೆ. ತಿಥಿ ಮುಗಿದೊಡನೆ ಎಲ್ಲವನ್ನೂ ಟೆಂಪೋದಲ್ಲಿ ಕೊತ್ತಗೆರೆಗೆ ಕಳುಹಿಸಿದರು. ವಿಷಯ ತಿಳಿದು ನಾನು ಹೋದಾಗ ಜಗುಲಿಯ ಮೇಲೆ ಮಂಚ, ಬೀರು, ಕೊಳಗಗಳ ನಡುವೆ ನಾನು ಕೊಟ್ಟ ಸ್ಟೌ ಇತ್ತು. ಬರ್ನರ್, ಪಂಪು, ಮೂರು ಕಾಲುಗಳು ಎಲ್ಲವೂ ನೆಟ್ಟಗಿದ್ದವು. ಹೆಸರು ಫಳಫಳ ಹೊಳೆಯುತ್ತಿತ್ತು. ಶಾಸ್ತ್ರಕ್ಕೆ ಹೆದರಿದ ಆತುರದಲ್ಲಿ ಅವರು ಅದನ್ನೂ ತುಂಬಿ ಕಳುಹಿಸಿದ್ದರು.

ಅದನ್ನು ಚೀಲದಲ್ಲಿಟ್ಟುಕೊಂಡು ಠಾಣೆಗೆ ಹೋದೆ.

"ಮನೇಲಿ ಇನ್ನೊಂದು ಸ್ಟೌ ಇತ್ತಂತಲ್ರೀ" ಎಂದರು ಅಲ್ಲಿದ್ದವರು.

"ಹಂಗಾದ್ರೆ ಅದರ ಚೂರಾದ್ರೂ ತೋರಿಸಿ ಸ್ವಾಮಿ."

"ಹುಡುಗಿ ಅಪ್ಪನೇ ಸೈನ್ ಹಾಕವ್ರೆ. ನೀವ್ಯಾರು?"

"ಸೋದರಮಾವ."

"ಸೋದರಮಾವ ಬೇಕಾಗಿರೋದು ಮದ್ವೆ ಮನೇಲಿ ಕಣ್ರೀ, ಇಲ್ಲಲ್ಲ" ಎಂದರು. ಪಕ್ಕದ ಮೇಜಿನವನು ನಕ್ಕ. ಸ್ಟೌ ಎತ್ತಿಕೊಂಡು ಹಿಂದಿರುಗಿದೆ.

ಆ ದಿನಗಳಲ್ಲಿಯೇ ಅವಳ ಅಧ್ಯಾಪಕಿ ನನ್ನ ಅಂಗಡಿಗೆ ಬಂದರು. ಸಂಚಿಕೆ ಅಚ್ಚಿಗೆ ಹೋಗುವುದರಲ್ಲಿತ್ತು. ಜಯಲಕ್ಷ್ಮಿ ಕೊಟ್ಟಿದ್ದ ಸಾಲು ತಮಾಷೆಯದು, ತೀರಿಕೊಂಡವಳಿಗೆ ಅದು ಶೋಭಿಸದು ಎಂದು ಸಮಿತಿಯವರು ಬೇರೆಯದನ್ನು ಆರಿಸಿದ್ದರು: ‘ತಾಳ್ಮೆಯೇ ಹೆಣ್ಣಿನ ಆಭರಣ.’

ನಾನು ಕತ್ತರಿ ಕೆಳಗಿಟ್ಟೆ. "ಅವಳತ್ತೆ ಒಂದು ಮಾತನ್ನ ಅವಳ ಬಾಯಿಗೆ ತುರುಕಿದಾರೆ ಮೇಡಂ. ಈಗ ನೀವೊಂದು ತುರುಕ್ತೀರಾ?"

"ತಂದೆ ತಾಯಿ ಒಪ್ಪಿದ್ರೆ ಅವಳು ಕೊಟ್ಟಿದ್ದನ್ನೇ ಹಾಕಿಸ್ತೀನಿ. ಆದ್ರೆ ಅವರು ಹೇಳ್ಬೇಕು, ನೀವಲ್ಲ" ಎಂದರು.

ಮರುದಿನವೇ ಸ್ಟೌ ಸಮೇತ ಕೊತ್ತಗೆರೆಗೆ ಹೊರಟೆ. ಭಾವ ಮೊದಲ ಮಾತಿಗೇ ತಲೆಯಾಡಿಸಿದರು.

"ಬ್ಯಾಡ ಕಣಯ್ಯ. ‘ಆಮೇಲೆ ಹೇಳ್ತೀನಿ’ ಅಂತ ಅಚ್ಚಾದ್ರೆ ಗುಬ್ಬಿಯೋರು ಏನಂದ್ಕತಾರೆ? ಚಿಕ್ಕೋಳು ಇನ್ನೂ ಮನೇಲವ್ಳೆ. ಬೀಗರ ಮ್ಯಾಲೆ ಬೆರಳು ತೋರಿಸಿದ ಮನೆ ಹೆಣ್ಣನ್ನ ಯಾವನ್ ಕೇಳ್ತಾನೆ? ತಾಳ್ಮೆ ಅಂತ್ಲೇ ಹಾಕ್ಸು, ಮರ್ಯಾದೆಯಾಗೈತೆ."

ನಾನು ನಡುಮನೆಯಲ್ಲಿ ಸ್ಟೌ ಇಟ್ಟು, ಸೀಮೆಎಣ್ಣೆ ಹುಯ್ದು, ಪಂಪು ಹೊಡೆದು ಹಚ್ಚಿದೆ. ನೀಲಿ ಉರಿ ಸಮನಾಗಿ ಎದ್ದಿತು. ಮೇಲೆ ಒಂದು ಪಾತ್ರೆ ನೀರಿಟ್ಟೆ. ಅದು ಕುದಿಯತೊಡಗಿತು.

"ಸಿಡಿದ ಸ್ಟೌ ಇದೇ ಭಾವ" ಎಂದೆ.

ಅವರು ಟವಲಿನಿಂದ ಮುಖ ಮುಚ್ಚಿಕೊಂಡರು. "ನಂಗೊತ್ತಿಲ್ವೇನಯ್ಯ! ಟೆಂಪೋದಿಂದ ಇಳಿಸ್ಕಂಡೋನು ನಾನೇ ಅಲ್ವಾ!"

ಅಡುಗೆಮನೆಯ ಬಾಗಿಲಲ್ಲಿ ನಿಂತಿದ್ದ ಅಕ್ಕ, ಮಗಳು ಸತ್ತ ಮೇಲೆ ಹೆಚ್ಚು ಮಾತೇ ಆಡದವಳು, ಮುಂದೆ ಬಂದಳು.

"ಆರ್ಸು ಅದನ್ನ" ಎಂದಳು. ಆರಿಸಿದೆ. "ಓದ್ತೀನಿ ಅಂದ್ಳು, ಯಾರೂ ಕಿವಿಗೆ ಹಾಕ್ಕೊಳ್ಲಿಲ್ಲ. ನಾನೂ ಹಾಕ್ಕೊಳ್ಲಿಲ್ಲ. ಪಟದ ಕೆಳಗಾದ್ರೂ ಅವ್ಳ ಮಾತೇ ಇರ್ಲಿ. ಟೀಚರಮ್ಮಂಗೆ ಹೇಳು, ತಾಯಿ ಹೇಳವ್ಳೆ ಅಂತ."

ಭಾವ ಟವಲು ತೆಗೆಯಲಿಲ್ಲ; ಬೇಡವೆನ್ನಲೂ ಇಲ್ಲ.

ಅಧ್ಯಾಪಕಿ ಮಾತು ಉಳಿಸಿಕೊಂಡರು. ಸಂಚಿಕೆ ಹೊರಬಂದಾಗ ಇತರ ಹುಡುಗಿಯರ ಗಂಭೀರವಾದ ನುಡಿಗಳ ನಡುವೆ, ಎರಡು ಜಡೆಯ ಜಯಲಕ್ಷ್ಮಿಯ ಕೆಳಗೆ, ಅವಳ ಸಾಲೇ ಇತ್ತು. ಅದರಿಂದ ಯಾವ ಮೊಕದ್ದಮೆಯೂ ಏಳಲಿಲ್ಲ. ಗುಬ್ಬಿಯ ಮನೆಯವರು ವರ್ಷ ಕಳೆಯುವುದರೊಳಗೆ ಮಗನಿಗೆ ಬೇರೆ ಹೆಣ್ಣು ತಂದರು. ಚಿಕ್ಕವಳ ಮದುವೆ ಮಾತ್ರ ಅವಳು ಪದವಿ ಮುಗಿಸಿದ ಮೇಲೆಯೇ ಆಯಿತು. ಕೇಳಿಬಂದವರನ್ನೆಲ್ಲ ಭಾವ ಅಲ್ಲಿಯವರೆಗೂ ಹಿಂದಕ್ಕೆ ಕಳುಹಿಸಿದರು.

ಸತ್ತವರು ಹೀಗೆಂದರು ಎಂದು ಬದುಕಿರುವವರು ಹೇಳಿದ್ದನ್ನು ನಾನು ಅಂದಿನಿಂದ ನಂಬಿಲ್ಲ. ಪತ್ರಿಕೆಯಲ್ಲಿ ‘ಸ್ಟೌ ಸಿಡಿದು ಗೃಹಿಣಿ ಸಾವು’ ಎಂಬ ಸುದ್ದಿ ಕಂಡಾಗಲೆಲ್ಲ, ಆ ಸ್ಟೌ ಈಗ ಎಲ್ಲಿದೆ ಎಂಬ ಪ್ರಶ್ನೆಯೇ ಮೊದಲು ಏಳುತ್ತದೆ. ಜಯಲಕ್ಷ್ಮಿಯ ಹೆಸರಿನದು ನಮ್ಮ ಅಟ್ಟದ ಮೇಲಿದೆ.

ಆದರೆ ನನ್ನನ್ನು ಇಂದಿಗೂ ಬಿಡದಿರುವುದು ಬೇರೊಂದು ಗಳಿಗೆ. ಸಂಚಿಕೆಯನ್ನು ಕೊತ್ತಗೆರೆಗೆ ಒಯ್ದಾಗ, ಅಕ್ಷರ ಬಾರದ ಅಕ್ಕ ಆ ಸಾಲಿನ ಮೇಲೆ ಬೆರಳಿಟ್ಟು ನನ್ನಿಂದ ಓದಿಸಿದಳು. ಕೇಳಿದ ಮೇಲೆ ಸ್ವಲ್ಪ ಹೊತ್ತು ಪಟವನ್ನೇ ನೋಡುತ್ತಿದ್ದಳು.

"ಕಾಲೇಜ್ನೋರ ಪರೀಕ್ಷೆ ಯಾವಾಗಪ್ಪ?"

"ನೆನ್ನೆ ಮುಗೀತಕ್ಕ."

ಅಕ್ಕ ಪುಸ್ತಕವನ್ನು ಮುಚ್ಚಲಿಲ್ಲ. ಮಗಳ ಮುಖದ ಮೇಲೆ ಕಣ್ಣು ನೆಟ್ಟು, ಕಾಯುವವಳಂತೆ, ಹಾಗೆಯೇ ಕುಳಿತಳು.