ಗುರುಸಿದ್ದಮ್ಮ ಸುಣ್ಣ ಹೊಡೆಸಿದ ಗೋಡೆ

ಮೂಗೂರಿನ ನಟರಾಜ್ ಮೊದಲು ಕ್ಯಾಮೆರಾ ಹಿಡಿದದ್ದು ಮದುವೆಮನೆಗಳಲ್ಲಿ. ನಂಜನಗೂಡಿನ ಸ್ಟುಡಿಯೋವೊಂದರಲ್ಲಿ ಆರು ವರ್ಷ ಧಾರೆ, ಆರತಕ್ಷತೆ ಚಿತ್ರೀಕರಿಸಿದ. ಊಟದ ಪಂಕ್ತಿಯಲ್ಲಿ ತುತ್ತು ನುಂಗುವವರನ್ನು ತೀರ ಹತ್ತಿರದಿಂದ ತೆಗೆದು ಬೈಸಿಕೊಂಡ. ಆಮೇಲೆ ಸಿನಿಮಾ ಸೇರಿ ಹನ್ನೊಂದು ವರ್ಷ ಬೇರೆಯವರ ಕ್ಯಾಮೆರಾಕ್ಕೆ ಫೋಕಸ್ ತಿರುಗಿಸಿದ. ಕಡೆಗೂ ಛಾಯಾಗ್ರಾಹಕನೆಂದು ತನ್ನದೇ ಹೆಸರು ಬರುವ ಚಿತ್ರ ಸಿಕ್ಕಿತು. ನಿರ್ಮಾಪಕರು ಒಂದೇ ಮಾತು ಹೇಳಿದ್ದರು: ಅಡುಗೆಮನೆಯ ದೃಶ್ಯ ಎರಡು ದಿನದಲ್ಲಿ ಮುಗಿಯದಿದ್ದರೆ ಬೇರೆ ಕ್ಯಾಮೆರಾಮನ್ ಬರುತ್ತಾನೆ.

ಆ ದೃಶ್ಯಕ್ಕೆ ಒಪ್ಪುವ ಹಳೇ ಅಡುಗೆಮನೆಗಾಗಿ ಅವನು ಎರಡು ತಾಲ್ಲೂಕು ಅಲೆದಿದ್ದ. ಸಿಕ್ಕಿದ್ದು ಹುಲ್ಲಹಳ್ಳಿಯ ಗುರುಸಿದ್ದಮ್ಮನ ಮನೆಯಲ್ಲಿ: ನಲವತ್ತು ವರ್ಷದ ಸೌದೆ ಹೊಗೆ ಕುಡಿದ ಕಪ್ಪು ಗೋಡೆ, ಸೂರಿನಲ್ಲೊಂದು ಬೆಳಕಿಂಡಿ. ಮೊದಲ ದಿನ ಆ ಗೋಡೆಗೆ ಒರಗಿ ಕೂತ ತಾಯಿಯ ಪಾತ್ರಧಾರಿಯನ್ನು ಚಿತ್ರೀಕರಿಸಿದ. ತಾಯಿಯ ಅರ್ಧ ಮಾತು, ಎದುರು ಕೂರುವ ಮಗಳ ಭಾಗ ಪೂರ್ತಿ ಮಾರನೆಯ ದಿನಕ್ಕೆ ಉಳಿದವು.

ಬೆಳಿಗ್ಗೆ ಬಂದು ನೋಡಿದರೆ ಗೋಡೆ ಹಾಲಿನಷ್ಟು ಬೆಳ್ಳಗಿತ್ತು.

“ಅಜ್ಜಿ, ಇದೇನ್ ಮಾಡ್ಬುಟ್ರಿ?”

“ಸುಣ್ಣ ಒಡೆಸ್ದೆ ಕಣಪ್ಪ. ಮಸಿ ಗೋಡೆ ತೋರ್ಸಿ ನನ್ ಮಾನ ಕಳೀಬೇಕು ಅಂತಿದ್ಯಾ? ಕ್ಯಾಮ್ರಾಕ್ಕೆ ಕಾಣೋದು ಇದೊಂದೇ ಅಲ್ವಾ, ಮಿಕ್ಕವು ಅಂಗೇ ಬಿಟ್ಟೆ.”

“ಕಂಪ್ಯೂಟರ್‌ನಲ್ಲಿ ಕಪ್ಪು ಮಾಡೋಕಾಗಲ್ವಾ?” ಎಂದ ನಿರ್ದೇಶಕ ಕಿರಣ್.

“ಆಯ್ತದೆ ಸಾ. ಅಷ್ಟೊತ್ತಿಗೆ ನಮ್ ತಲೆ ಬೆಳ್ಳಗಾಗಿರ್ತದೆ.”

ಗೋಡೆಗೆ ಎದುರಾಗಿ ಮಗಳ ಪಾತ್ರಧಾರಿ ಕೂರಬೇಕಿದ್ದ ಚಾಪೆಯ ಮೇಲೆ ನಟರಾಜ್ ಕುಕ್ಕರಿಸಿದ. ಬೆಳಕು ಅಳೆಯಲು ಅಂಗೈ ಚಾಚುವುದು ಮದುವೆಮನೆಯ ಕಾಲದ ಚಾಳಿ. ಯೋಚನೆಯಿಲ್ಲದೆ ಚಾಚಿದ. ಬೆಳಕಿಂಡಿಯ ಬಿಸಿಲು ಸುಣ್ಣಕ್ಕೆ ಬಡಿದು, ಮೆತ್ತಗಾಗಿ ಅಂಗೈ ಮೇಲೆ ಬಿದ್ದಿತ್ತು. ಇಂಥ ಬೆಳಕಿಗಾಗಿ ಶೂಟಿಂಗ್‌ನಲ್ಲಿ ಬಿಳಿ ಥರ್ಮಾಕೋಲ್ ಹಲಗೆ ಹಿಡಿಸುತ್ತಾರೆ; ಇಲ್ಲಿ ಒಂದಿಡೀ ಗೋಡೆಯೇ ನಿಂತಿತ್ತು.

ಕ್ಯಾಮೆರಾವನ್ನು ಗೋಡೆಗೆ ಬೆನ್ನು ಮಾಡಿ ಇಟ್ಟ. “ತಾಯಿ ಮಾತು ಕೇಳ್ಸಿದ್ರೆ ಸಾಕು ಸಾ. ಮಗಳ ಮುಖ ನೋಡ್ಕೊಂಡಿರನ.” ಬೆಳಕಿಂಡಿಯಿಂದ ಬಿಸಿಲು ಸರಿಯುವಷ್ಟರಲ್ಲಿ ದೃಶ್ಯ ಮುಗಿಯಿತು. ಬೇರೆ ಕ್ಯಾಮೆರಾಮನ್ ಬರಲಿಲ್ಲ.

ನಂಜನಗೂಡಿನಲ್ಲಿ ಚಿತ್ರ ತೆರೆಕಂಡಾಗ ಗುರುಸಿದ್ದಮ್ಮ ಒಂದು ಬಸ್ಸಿನಷ್ಟು ನೆಂಟರನ್ನು ಕರೆತಂದಳು. ತೆರೆಯ ಮೇಲೆ ನಟರಾಜನ ಹೆಸರು ಬಂದಾಗ ಅವರೆಲ್ಲ ಸೀಟು ಹುಡುಕುತ್ತಿದ್ದರು. ಅಡುಗೆಮನೆ ಬಂದಾಗ ಮಾತ್ರ ಎಲ್ಲರೂ ಕೂತಿದ್ದರು.

“ಲೇ ನಟರಾಜ, ಮಸಿ ಗೋಡೇನೇ ತೋರ್ಸಿದ್ದೀಯಲ್ಲೋ! ಸುಣ್ಣ ಎಲ್ಲೋ?”

“ಆ ಉಡ್ಗಿ ಮುಖದ್ ಮೇಲೈತೆ, ನೋಡಜ್ಜಿ.”

ಗುರುಸಿದ್ದಮ್ಮ ಕಣ್ಣು ಕಿರಿದು ಮಾಡಿ ನೋಡಿದಳು.

“ಅದು ಪೌಡ್ರು ಕಣ್ಲಾ.”